ಆಮೆಯ ಬೆನ್ನಿನ ಬಿಟ್ಟ ಗೆರೆ

ಲೋಕ ಆಗಷ್ಟೇ ಹುಟ್ಟಿ, ಇನ್ನೂ ಹಸಿಹಸಿಯಾಗಿದ್ದ ದಿನಗಳ ಮಾತಿದು. ಆಗ ಯಾವುದಕ್ಕೂ ತನ್ನ ಜಾಗ ಯಾವುದೆಂದು ತಿಳಿದಿರಲಿಲ್ಲ. ಗಾಳಿ ಗಡಿಗೆಯೊಳಗೆ ಹೋಗಿ ಮಲಗುತ್ತಿತ್ತು. ಒಲೆಯ ಬೆಂಕಿ ಬೇಸರವಾದರೆ ಎದ್ದು ಗುಡ್ಡ ಸುತ್ತಲು ಹೋಗುತ್ತಿತ್ತು.

ಇವನ್ನೆಲ್ಲ ಹಿಡಿದು ನಿಲ್ಲಿಸಲು ಮನುಷ್ಯರ ಕೈಲಿದ್ದದ್ದು ಒಂದೇ ವಿದ್ಯೆ, ಗೆರೆ ಹಾಕುವುದು. ಬೆಂಕಿಗೆ ಮೂರು ಮೂಲೆಯ ಗೆರೆ. ಗಾಳಿಗೆ ನಾಲ್ಕು ಮೂಲೆಯದು. ನೀರಿಗೆ ಆರು ಮೂಲೆಯದು. ಮೊದಲು ಚುಕ್ಕಿ ಇಡಬೇಕು. ಆಮೇಲೆ ಒಂದು ಚುಕ್ಕಿಯ ಬಳಿ ಹೊರಟು, ಕೈ ಎತ್ತದೆ, ಎಲ್ಲ ಚುಕ್ಕಿಗಳನ್ನೂ ಸುತ್ತಿ ಬಳಸಿ, ಹೊರಟಲ್ಲಿಗೇ ಬಂದು ಸೇರಬೇಕು. ಗೆರೆ ಕೂಡಿದರೆ, ಕರೆದದ್ದು ಬಂದು ಅದರ ಪಕ್ಕ ನಿಲ್ಲುತ್ತಿತ್ತು. ಕೂಡದಿದ್ದರೆ ಅದು ಬಿಟ್ಟ ಗೆರೆ. ಬಿಟ್ಟ ಗೆರೆ ಹಾಕಿದವಳನ್ನು ಕಂಡು ಊರೇ ನಗುತ್ತಿತ್ತು.

ಅಂಥ ಒಂದು ಊರಿನ ದೊಡ್ಡೀರಮ್ಮ ಎಂದೂ ಬಿಟ್ಟ ಗೆರೆ ಹಾಕಿದವಳಲ್ಲ. ಅವಳ ತಾಯಿಯೂ ಹಾಕಿರಲಿಲ್ಲ, ಅಜ್ಜಿಯೂ ಹಾಕಿರಲಿಲ್ಲ. ಅದನ್ನು ಅವಳು ದಿನಕ್ಕೊಮ್ಮೆಯಾದರೂ ಸೊಸೆ ಪುಟ್ಟತಾಯಿಗೆ ಹೇಳುತ್ತಿದ್ದಳು.

ಹೊಳೆ ಮಾತ್ರ ಯಾರ ಗೆರೆಗೂ ಸಿಕ್ಕಿರಲಿಲ್ಲ. ಎಳೆಯ ಹೊಳೆ, ಆಟದ ಬುದ್ಧಿ. ಇವತ್ತು ಊರ ಮೂಡಲಿಗೆ ಹರಿದರೆ ನಾಳೆ ಪಡುವಲಿಗೆ. ಒಂದು ದಿನ ರಾಗಿ ಪೈರನ್ನು ಕೊಚ್ಚಿಕೊಂಡು ಹೋಗುತ್ತಿತ್ತು, ಮರುದಿನ ಕುಡಿಯಲೂ ಸಿಗುತ್ತಿರಲಿಲ್ಲ. ಮರಳಲ್ಲಿ ಗೆರೆ ಹಾಕಿದರೆ ತಾನೇ ತೊಳೆದುಬಿಡುತ್ತಿತ್ತು. ಎರಡು ಸಲ ಪೈರು ಹೋಯಿತು. ಮೂರನೆಯ ಸಲವೂ ಹೋದರೆ ಊರು ಬಿಡುವುದೇ ಸರಿ ಎಂದರು ಹಿರಿಯರು.

ದೊಡ್ಡೀರಮ್ಮ ಹಳದಿ ಮಣ್ಣಿಗೆ ಜಾಲಿ ಮರದ ಅಂಟು ಕಲಸಿದಳು. ಈ ಬಣ್ಣ ನೀರಿಗೆ ಹೋಗುವುದಿಲ್ಲ. ಇನ್ನು ಗಟ್ಟಿ ಕಲ್ಲೊಂದು ಬೇಕಿತ್ತು. ಅತ್ತೆ ಸೊಸೆ ಹುಡುಕುತ್ತ ಹೋದಾಗ ಒಣಹುಲ್ಲಿನ ನಡುವೆ ಕರೀ ಕಲ್ಲೊಂದು ಕಂಡಿತು. ಅದರ ಮೇಲೆ ಸಾಲಾಗಿ ಪುಟ್ಟ ದಿಬ್ಬಗಳು. ಎಣಿಸಿದರೆ ನಡುವೆ ಐದು, ಆಚೆಗೆ ನಾಲ್ಕು, ಈಚೆಗೆ ನಾಲ್ಕು, ಒಟ್ಟು ಹದಿಮೂರು. ದೇವರೇ ಚುಕ್ಕಿ ಇಟ್ಟು ಕೊಟ್ಟಿದ್ದಾನೆ ಎಂದು ದೊಡ್ಡೀರಮ್ಮ ಹಿಗ್ಗಿ ಕುಳಿತೇಬಿಟ್ಟಳು.

ಕಲ್ಲು ಉಸಿರಾಡಿದಂತಿದೆ ಎಂದಳು ಪುಟ್ಟತಾಯಿ. ಬಿಸಿಲಿಗೆ ನಿನ್ನ ತಲೆ ತಿರುಗಿರಬೇಕು ಎಂದಳು ಅತ್ತೆ. ಕೈ ಎತ್ತದೆ ನೀರಿನ ಆರು ಮೂಲೆಯ ಗೆರೆ ಎಳೆದಳು, ಹದಿಮೂರನ್ನೂ ಬಳಸಿದಳು, ಹೊರಟಲ್ಲಿಗೇ ಬಂದು ಕೂಡಿಸಿದಳು. ಹೊಳೆ ಬುಳುಬುಳು ಎನ್ನುತ್ತ ಬಂದು ಕಲ್ಲಿನ ಪಕ್ಕ ನಿಂತಿತು. ಊರಿಗೆ ಊರೇ ಕುಣಿಯಿತು.

ಮರುದಿನ ನೋಡಿದರೆ ಹೊಳೆ ಇಲ್ಲ. ಕಲ್ಲೂ ಇಲ್ಲ.

ದೊಡ್ಡೀರಮ್ಮ ಮನೆಗೆ ಬಂದು ನೆಲದ ಮೇಲೆ ಅದೇ ಗೆರೆ ಹಾಕಿ ನೋಡಿದಳು. ಮತ್ತೆ ಹಾಕಿದಳು, ಮತ್ತೆ ಎಣಿಸಿದಳು. ಎಲ್ಲೂ ತಪ್ಪಿಲ್ಲ. ಮೂರು ದಿನ ಊಟವೂ ಸರಿಯಾಗಿ ಸೇರಲಿಲ್ಲ. ಅಷ್ಟರಲ್ಲಿ ಒದ್ದೆ ನೆಲದ ಜಾಡು ಹಿಡಿದು ಹೋಗಿದ್ದ ಪುಟ್ಟತಾಯಿ ತಿರುಗಿ ಬಂದು ಬಾಗಿಲಲ್ಲಿ ನಿಂತಳು.

"ಅತ್ತೆ, ನಿಮ್ಮ ಗೆರೆ ಸರಿಯಾಗೇ ಇದೆ. ಕಲ್ಲೇ ನಡೀತಾ ಇದೆ."

ಊರವರೂ ಸೇರಿ ಓಡಿ ಹೋಗಿ ನೋಡಿದರೆ ನಿಜವೇ. ಕಲ್ಲಿಗೆ ನಾಲ್ಕು ಕಾಲು, ಒಂದು ತಲೆ. ಅದು ಆಮೆ. ಅಲ್ಲಿಯವರೆಗೆ ಆಮೆಯನ್ನು ಯಾರೂ ಕಂಡಿರಲಿಲ್ಲ. ಮುಂದೆ ಆಮೆ, ಹಿಂದೆ ಹೊಳೆ. ಆಮೆ ಮುಳ್ಳುಪೊದೆ ಬಳಸಿದರೆ ಹೊಳೆಯೂ ಬಳಸಿತು. ಆಮೆ ಹುಲ್ಲು ಮೇಯಲು ನಿಂತರೆ ಹೊಳೆಯೂ ನಿಂತು ಮಡುವಾಯಿತು.

"ತಾಯಿ, ಬೆಚ್ಚಗೆ ಬಿಸಿಲು ಕಾಯಿಸಿಕೊಂಡು ಇದ್ದೋನು ನಾನು," ಎಂದಿತು ಆಮೆ. "ಮೂರು ದಿನದಿಂದ ಕಾಲು ಒಣಗಿಲ್ಲ."

ಹೊಳೆಯೂ ಗೋಳಾಡಿತು. ಈ ಅಣ್ಣ ಒಂದೊಂದು ಗರಿಕೆಗೂ ನಿಲ್ಲುತ್ತಾನೆ, ನನಗೆ ಓಡಬೇಕು ಎಂದಿತು.

ಕೂಡಿಸಿದ ಗೆರೆಯನ್ನು ಕೂಡಿಸಿದ ಕೈಯೇ ಬಿಡಿಸಬೇಕು. ಬೇರೆ ದಾರಿಯಿಲ್ಲ. ದೊಡ್ಡೀರಮ್ಮ ಬಣ್ಣದ ಬಟ್ಟಲು ತರಿಸಿಕೊಂಡು ಆಮೆಯ ಪಕ್ಕ ಕುಳಿತಳು. ಬಿಟ್ಟ ಗೆರೆ! ಅದೂ ತನ್ನ ಕೈಯಿಂದ, ಊರವರೆಲ್ಲ ನೋಡುತ್ತಿರುವಾಗ. ಬಿಡಿಸಿದರೆ ಹೊಳೆ ಮತ್ತೆ ಕೈ ತಪ್ಪಿ ಹೋಗುತ್ತದೆ. ಬಿಡಿಸದಿದ್ದರೆ ಆಮೆಯ ಹಿಂದೆಯೇ ಹೋಗುತ್ತದೆ.

ಪುಟ್ಟತಾಯಿ ಪಕ್ಕದಲ್ಲಿ ಕುಳಿತು ಮೆಲ್ಲಗೆ ಕೇಳಿದಳು. "ಅತ್ತೆ, ನಾಲ್ಕು ಕಡೆ ಗೋಡೆ ಕಟ್ಟಿದ ಮೇಲೆ ಮನೆಗೆ ಬಾಗಿಲು ಬಿಡಲ್ವಾ? ಅದಕ್ಕೆ ಯಾರಾದ್ರೂ ನಗ್ತಾರಾ?"

ದೊಡ್ಡೀರಮ್ಮ ಸೊಸೆಯ ಮುಖವನ್ನೇ ನೋಡಿದಳು. ಇಷ್ಟು ದಿನ ಈ ಬುದ್ಧಿಯನ್ನು ಎಲ್ಲಿ ಬಚ್ಚಿಟ್ಟಿದ್ದೆ ಎಂದು ಗೊಣಗಿ ಬೆರಳದ್ದಿದಳು. ಒಂದೊಂದು ದಿಬ್ಬದ ನೆತ್ತಿಯಿಂದ ಅಂಚಿನವರೆಗೆ, ಹೊರಕ್ಕೆ, ಹೊರಕ್ಕೆ, ಎಲ್ಲೂ ಕೂಡಿಸದೆ ಎಳೆದಳು. ಹದಿಮೂರೂ ಮುಗಿದಾಗ ದಿಬ್ಬಗಳನ್ನು ಸುತ್ತಿದ್ದ ಹಳೆಯ ಗೆರೆ ಒಣಸಿಪ್ಪೆಯಂತೆ ಕಳಚಿ ಬಿತ್ತು. ಊರವರಲ್ಲಿ ಒಬ್ಬರೂ ನಗಲಿಲ್ಲ.

ಹೊಳೆ ಮೈ ಕೊಡವಿ ಎದ್ದು ಅತ್ತ ಇತ್ತ ನೋಡಿತು. ಮೂರು ದಿನದಲ್ಲಿ ಆಮೆಯ ಹಿಂದೆ ನಡೆದು ನಡೆದು ತನಗೆಂದೇ ಒಂದು ಪಾತ್ರ ತೋಡಿಕೊಂಡಿತ್ತು. ರಾಗಿ ಹೊಲವನ್ನು ಬಳಸಿ, ಊರ ಮಗ್ಗುಲಿಗೆ ಬಂದು, ಗುಡ್ಡದಡಿ ತಿರುಗುವ ತಣ್ಣನೆಯ ಪಾತ್ರ.

"ಇನ್ನು ನಿನ್ನನ್ನು ಕಟ್ಟುವವರಿಲ್ಲ," ಎಂದಳು ದೊಡ್ಡೀರಮ್ಮ. "ಎಲ್ಲಿಗೆ ಹೋಗ್ತೀಯಮ್ಮ?"

"ಇಲ್ಲಿಗೇ," ಎಂದಿತು ಹೊಳೆ. "ಮೈಗೆ ಹೊಂದಿದೆ." ಮತ್ತೆ ಆ ದಾರಿಯಲ್ಲೇ ಓಡಿತು. ಆ ವರ್ಷ ರಾಗಿ ತೆನೆಗಟ್ಟಿತು.

ಈಗಲೂ ಮೊದಲ ಮಳೆ ಬಿದ್ದ ಮೇಲೆ ಕುರುಚಲು ಕಾಡಿನಲ್ಲಿ ನಕ್ಷತ್ರ ಆಮೆ ಹೊರಬಂದರೆ ಮುಟ್ಟದೆ ಬಗ್ಗಿ ನೋಡಿ ಮಕ್ಕಳೇ, ಅದರ ಬೆನ್ನಿನ ಒಂದೊಂದು ದಿಬ್ಬದಿಂದಲೂ ಹಳದಿ ಗೆರೆಗಳು ಹೊರಕ್ಕೆ ಹೊರಟಿರುತ್ತವೆ; ಗುಡ್ಡ ಹತ್ತಿ ನೋಡಿದರೆ, ನೆಟ್ಟಗೆ ಹೋಗಲು ಯಾರ ಅಡ್ಡಿಯೂ ಇಲ್ಲದಿದ್ದರೂ ಹೊಳೆ ಮೇಯುವ ಆಮೆಯಂತೆ ಅಲ್ಲಿ ತಿರುಗಿ, ಇಲ್ಲಿ ನಿಂತು, ನಿಧಾನವಾಗಿ ಹೋಗುತ್ತಿರುತ್ತದೆ.