ರಾಜನು ನಿರ್ವಿಣ್ಣನಾದನು

ಕಡ್ಡಿಗೆ ದಾರ ಸುತ್ತಿಸಿಕೊಂಡಿದ್ದ ಹಳೆಯ ಕನ್ನಡಕವೊಂದು ಕಥೆ ಓದುತ್ತಾ ಕೊನೆಯ ಸಾಲಿನಲ್ಲಿ ಸಿಕ್ಕಿಬಿತ್ತು: ‘ರಾಜನು ನಿರ್ವಿಣ್ಣನಾದನು.’ ರಾಜ ಗೆದ್ದನೋ, ಸತ್ತನೋ ತಿಳಿಯದೆ ಅದು ನಿಘಂಟನ್ನು ಕೇಳಿತು.

“ನಿರ್ವಿಣ್ಣ ಎಂದರೆ ಖಿನ್ನ,” ಎಂದಿತು ನಿಘಂಟು.

“ಖಿನ್ನ ಎಂದರೆ?”

“ಹಿಂದಿನ ಪುಟಗಳಿಗೆ ಹೋಗಿ ನೋಡು.”

ಕನ್ನಡಕ ಹೋಗಿ ನೋಡಿತು. ಖಿನ್ನ ಎಂದರೆ ವಿಷಣ್ಣ ಎಂದಿತ್ತು. ಏದುಸಿರು ಬಿಡುತ್ತಾ ಕೊನೆಯ ಪುಟಗಳವರೆಗೆ ನಡೆದು ವಿಷಣ್ಣವನ್ನು ಹುಡುಕಿದರೆ, ಅಲ್ಲಿ ನಿರ್ವಿಣ್ಣ ಎಂದಿತ್ತು.

“ಹೊರಟಲ್ಲಿಗೇ ತಂದು ಬಿಟ್ಟೆಯಲ್ಲ ಮಾರಾಯ! ಕಣ್ಣು ಮಂಜಾಯಿತು, ಕಡ್ಡಿ ಸಡಿಲವಾಯಿತು. ಇನ್ನು ನನಗೆ ಆ ರಾಜನೂ ಬೇಡ, ಅವನ ಕಥೆಯೂ ಬೇಡ. ಯಾವುದೂ ಬೇಡ ಅನ್ನಿಸಿಬಿಟ್ಟಿದೆ,” ಎಂದು ಕನ್ನಡಕ ಕಡ್ಡಿ ಮಡಚಿಕೊಂಡಿತು.

“ರಾಜನಿಗೂ ಅನ್ನಿಸಿದ್ದು ಅದೇ,” ಎಂದು ನಿಘಂಟು ಮುಚ್ಚಿಕೊಂಡಿತು.