ಟಗರು ತಿಂದ ದಿನಗಳು

ಲೋಕ ಇನ್ನೂ ಹೊಸದಾಗಿದ್ದ ಕಾಲ. ಚಂದ್ರ ಹುಟ್ಟಿರಲಿಲ್ಲ, ಹಾಗಾಗಿ ತಿಂಗಳು ಎಂಬ ಲೆಕ್ಕವೇ ಇರಲಿಲ್ಲ. ಕುರಿಗಳು ತಿಂದದ್ದನ್ನು ಒಂದೇ ಸಲ ನುಂಗುತ್ತಿದ್ದವು. ನುಂಗಿದರೆ ಮುಗಿಯಿತು.

ಆಗ ಕುರಿ ಹೊಡೆದುಕೊಂಡು ಊರೂರು ತಿರುಗುವ ಜನ ಇದ್ದರು. ಊರೂರು ಎಂದೆನೇ? ಊರುಗಳೂ ಆಗ ಇರಲಿಲ್ಲ. ಬಯಲು ಬಯಲು ತಿರುಗುತ್ತಿದ್ದರು. ಅವರಿಗೆ ನಡೆಗಾರರು ಎಂದು ಹೆಸರು.

ನಡೆಗಾರರ ಪಂಚಾಂಗವೆಂದರೆ ಒಂದು ಹುಲ್ಲಿನ ಹಗ್ಗ. ಬಿಡಾರ ಹೂಡಿದ ಜಾಗದ ಹುಲ್ಲನ್ನು ದಿನಕ್ಕೊಂದು ಹಿಡಿ ಕಿತ್ತು ಆ ಹಗ್ಗಕ್ಕೆ ಸೇರಿಸಿ ಹೊಸೆಯುತ್ತಿದ್ದರು. ಗರಿಕೆ ಸಿಕ್ಕರೆ ಅದು ಗರಿಕೆಯ ದಿನ. ಜೊಂಡು ಸಿಕ್ಕರೆ ಜೊಂಡಿನ ದಿನ. ಮುನ್ನೂರು ಹಿಡಿ ಸೇರಿದರೆ ಒಂದು ವರ್ಷ.

ಹಗ್ಗ ಹೊಸೆಯುವ ಕೆಲಸ ಬಾಳವ್ವನದು. ಕೈ ಚುರುಕು, ಬಾಯಿ ಇನ್ನೂ ಚುರುಕು. ಎಷ್ಟು ದಿನ ಆಯಿತು ಎಂದು ಅವಳು ತಲೆಯಲ್ಲಿ ಇಟ್ಟುಕೊಂಡವಳೇ ಅಲ್ಲ. ಹಗ್ಗ ಇರುವಾಗ ತಲೆಗೇಕೆ ಭಾರ ಎನ್ನುತ್ತಿದ್ದಳು.

ಅವಳ ಒಬ್ಬಳೇ ಮಗಳು ಚಿಗರಿಯನ್ನು ಇನ್ನೊಂದು ತಂಡಕ್ಕೆ ಕೊಟ್ಟಿದ್ದರು. ಆ ತಂಡಕ್ಕೂ ಇಂಥದೇ ಹಗ್ಗ. ಎರಡು ತಂಡಗಳೂ ಬೇರೆ ಬೇರೆ ದಾರಿ ಹಿಡಿದು ತಿರುಗಿ, ಮುನ್ನೂರನೆಯ ದಿನ ಉಪ್ಪಿನ ಕೆರೆಯ ದಂಡೆಯಲ್ಲಿ ಸೇರುತ್ತಿದ್ದವು. ಒಂದೇ ದಿನ. ಅಲ್ಲಿ ಹುಲ್ಲಿಲ್ಲ, ಸಿಹಿನೀರಿಲ್ಲ. ಇನ್ನೊಂದು ದಿನ ನಿಂತರೆ ಕುರಿಗಳು ಸಾಯುತ್ತವೆ.

ಹೋದ ಸಲ ಸೇರಿದಾಗ ಚಿಗರಿ ಬಸುರಿ. ಈಗ ಮಗು ಹುಟ್ಟಿರಬೇಕು. ಗಂಡೋ ಹೆಣ್ಣೋ ಬಾಳವ್ವನಿಗೆ ಗೊತ್ತಿಲ್ಲ. ಹಗ್ಗ ಹೊಸೆಯುವಾಗಲೆಲ್ಲ ಅವಳಿಗೆ ಅದೇ ಯೋಚನೆ.

ಒಂದು ದಿನ ಹೊಳೆ ದಾಟುವಾಗ ಹಗ್ಗ ನೆನೆಯಿತು. ಬಾಳವ್ವ ಅದನ್ನು ಬಂಡೆಯ ಮೇಲೆ ಬಿಸಿಲಿಗೆ ಹರವಿ, ಕುರಿಗಳ ಮೈ ತೊಳೆಯಲು ಹೋದಳು. ಮೊಂಡ ಎಂಬ ಟಗರು ಬಂದು ಹಗ್ಗವನ್ನು ಈ ತುದಿಯಿಂದ ಆ ತುದಿಯವರೆಗೆ ತಿಂದು ಮುಗಿಸಿತು. ಬೇಲಿಯೇ ಎದ್ದು ಹೊಲ ಮೇಯಿತು ಎನ್ನುತ್ತಾರಲ್ಲ, ಇವರಿಗೆ ಬೇಲಿಯೂ ಇರಲಿಲ್ಲ, ಹೊಲವೂ ಇರಲಿಲ್ಲ, ಆದರೂ ಅದೇ ಆಯಿತು.

ಬಾಳವ್ವ ಓಡಿ ಬರುವಷ್ಟರಲ್ಲಿ ಬಂಡೆ ಬರಿದಾಗಿತ್ತು. "ಗಾಳಿಯಪ್ಪಾ, ಎಷ್ಟ ದಿನ ಆತು, ಹೇಳು," ಎಂದಳು.

"ನಾ ಬೀಸಾಂವ, ಎಣಿಸಾಂವ ಅಲ್ಲ," ಎಂದಿತು ಗಾಳಿ.

"ಹೊಳಿಯವ್ವಾ, ಎಷ್ಟ ದಿನ ಆತು, ನೀನರ ಹೇಳು."

"ನಾ ಹರಿಯಾಕಿ, ಎಣಿಸಾಕಿ ಅಲ್ಲ," ಎಂದಿತು ಹೊಳೆ.

ತಂಡದ ಹಿರಿಯ ಬರಮಜ್ಜ ಕಲ್ಲಿಗೆ ಚೂರಿ ಮಸೆಯುತ್ತ ಕುಳಿತ. "ಇದರ ಹೊಟ್ಟಿ ಸೀಳೂಣು. ದಿನಾ ಎಲ್ಲಾ ಹೊರಗ ಬರ್ತಾವ."

"ಸೀಳಿದ್ರ ಎಲ್ಲಾ ಕಲಸಿ ಬರ್ತಾವಜ್ಜಾ," ಎಂದಳು ಬಾಳವ್ವ. "ಎಣಿಸಾಕ ಆಗೂದಿಲ್ಲ." ಆಮೇಲೆ ಟಗರಿನ ಕಿವಿ ಹಿಡಿದಳು. "ಮೊಂಡಾ, ಒಂದೊಂದ ದಿನಾ ತಿರುಗಿ ತಾ."

"ನುಂಗಿದ್ದು ತಿರುಗಿ ಬರತೈತೇನವ್ವಾ?"

"ಬರೂದಿಲ್ಲ ಅಂದ್ರ ಬರಮಜ್ಜನ ಕಡೆ ನೋಡು."

ಮೊಂಡ ನೋಡಿತು. ಕೂಡಲೇ ಒಂದು ತುತ್ತು ಗಂಟಲಿಗೆ ಬಂತು. ಅದನ್ನು ಅಗಿದು ರುಚಿ ನೋಡಿ, "ಇದು ಕಲ್ಲುಗುಡ್ಡದ ಹುಲ್ಲು, ಕಹಿ," ಎಂದಿತು. ಬಾಳವ್ವ ಒಂದು ಹರಳು ಇಟ್ಟಳು. ಮೊಂಡ ಅದನ್ನು ನುಂಗಿ ಇನ್ನೊಂದನ್ನು ತಂದಿತು. "ಇದು ಕೆಮ್ಮಣ್ಣಿನ ಗರಿಕಿ." ಇನ್ನೊಂದು ಹರಳು. ನುಂಗಿತು, ತಂದಿತು, ಅಗಿಯಿತು. ಸಂಜೆಯ ಹೊತ್ತಿಗೆ ಇನ್ನೂರ ತೊಂಬತ್ತೊಂದು ಹರಳುಗಳಾದವು.

"ಇನ್ನೂ ಒಂಬತ್ತ ದಿನ ಐತಿ," ಎಂದು ಬಾಳವ್ವ ನಿಟ್ಟುಸಿರು ಬಿಟ್ಟಳು.

ಒಂಬತ್ತನೆಯ ದಿನ ಬೆಳಿಗ್ಗೆ ತಂಡ ಉಪ್ಪಿನ ಕೆರೆ ಮುಟ್ಟಿತು. ದಂಡೆಯಲ್ಲಿ ಯಾರೂ ಇರಲಿಲ್ಲ. ಒಲೆಗಳ ಬೂದಿ ತಣ್ಣಗಿತ್ತು. ದೂರದಲ್ಲಿ, ಕೋಲಿಗೆ ಕಂಬಳಿ ಕಟ್ಟಿ ಮಾಡಿಕೊಂಡ ನೆರಳಿನಲ್ಲಿ ಒಬ್ಬಳು ಕುಳಿತಿದ್ದಳು. ಚಿಗರಿ. ತೊಡೆಯ ಮೇಲೆ ಮಗು, ಪಕ್ಕದಲ್ಲಿ ಬರಿದಾದ ನೀರಿನ ಚೀಲ.

"ಎಲ್ಲಾರೂ ನಿನ್ನೆ ಬಂದು ಹೋದ್ರವ್ವಾ," ಎಂದಳು ಚಿಗರಿ. ಅವಳ ತುಟಿ ಒಡೆದಿದ್ದವು. "ನಮ್ಮವ್ವ ದಿನಾ ತಪ್ಪಿಸಾಕಿ ಅಲ್ಲ, ನಮ್ಮ ಹಗ್ಗನ ತಪ್ಪಿರಬೇಕು ಅಂತ ಹೇಳಿ ನಾ ಉಳಕೊಂಡೆ."

ಬಾಳವ್ವ ಅವಳ ಮುಂದೆ ಕುಳಿತಳು. "ನಿಮ್ಮ ಹಗ್ಗ ತಪ್ಪಿಲ್ಲ ಮಗಳ. ಒಂದ ದಿನಾ ಕಳಕೊಂಡಾಕಿ ನಾನು."

ಮಗು ಹೆಣ್ಣು. ಕೆಳಗೆ ಎರಡು ಹಲ್ಲು ಬಂದಿದ್ದವು. ಬಾಳವ್ವ ಅದನ್ನು ಎತ್ತಿಕೊಂಡಳು, ಮೂಸಿದಳು, ಅದರ ಅಂಗಾಲನ್ನು ಕೆನ್ನೆಗೆ ಒತ್ತಿಕೊಂಡಳು. ಅಷ್ಟರಲ್ಲಿ ಬಿಸಿಲು ಏರತೊಡಗಿತು. ತನ್ನ ತಂಡವನ್ನು ಕೂಡಿಕೊಳ್ಳಬೇಕಾದರೆ ಚಿಗರಿ ಈಗಲೇ ಹೊರಡಬೇಕು. ಬಾಳವ್ವ ತನ್ನ ಚೀಲದ ನೀರನ್ನೆಲ್ಲ ಮಗಳ ಚೀಲಕ್ಕೆ ಸುರಿದು, ಮಗುವನ್ನು ಅವಳ ಬೆನ್ನಿಗೆ ಕಟ್ಟಿದಳು. ಇಡೀ ದಿನ ಸಿಗಬೇಕಾಗಿದ್ದ ಮೊಮ್ಮಗಳು ಒಂದು ಗಡಿಗೆ ಹಾಲು ಕಾಯುವಷ್ಟು ಹೊತ್ತು ಸಿಕ್ಕಳು.

ಮಗಳು ಕಣ್ಮರೆಯಾಗುವವರೆಗೂ ಬಾಳವ್ವ ನಿಂತೇ ಇದ್ದಳು. ಆಮೇಲೆ ಕುಳಿತು ಅತ್ತಳು.

ಮೊಂಡ ಎಲ್ಲವನ್ನೂ ನೋಡಿತ್ತು. ಹತ್ತಿರ ಬಂದು ತಲೆ ತಗ್ಗಿಸಿತು. "ಅವ್ವಾ, ಆ ಒಂದ ದಿನಾ ನನ್ನ ಹೊಟ್ಟ್ಯಾಗ ಎಲ್ಲೋ ಉಳದೈತಿ. ಹುಡುಕತೀನಿ. ಸಿಕ್ಕ ಕೂಡಲೆ ನಿನಗ ಕೊಡತೀನಿ, ಮೊಮ್ಮಗಳ ಕೂಡ ಕಳಿ."

ಬಾಳವ್ವ ಕಣ್ಣೊರೆಸಿಕೊಂಡು, "ಹುಡುಕು," ಎಂದಳು.

ಮೊಂಡ ಹುಡುಕಿತು. ಅದರ ಮರಿಗಳೂ ಹುಡುಕಿದವು. ಹಗ್ಗದ ಚೂರೇನಾದರೂ ನಿಮ್ಮ ಹೊಟ್ಟೆಗೆ ಹೋಗಿದೆಯೇ ನೋಡಿ ಎಂದು ಆಡನ್ನೂ ಹಸುವನ್ನೂ ಒಂಟೆಯನ್ನೂ ಕೇಳಿಕೊಂಡಾಗ ಅವೂ ಹುಡುಕತೊಡಗಿದವು.

ಇವತ್ತಿಗೂ ಮೇದು ಬಂದ ಕುರಿ ನೆರಳಿನಲ್ಲಿ ಮಲಗಿ, ತಿಂದದ್ದನ್ನು ಬಾಯಿಗೆ ತಂದುಕೊಂಡು ಮೆಲುಕು ಹಾಕುತ್ತದೆ. ನುಂಗಿ, ಒಂದು ಕ್ಷಣ ಸುಮ್ಮನಿದ್ದು, ಬಾಳವ್ವನ ದಿನ ಇದಲ್ಲ ಎಂದು ಗೊತ್ತಾದ ಮೇಲೆ ಮುಂದಿನ ತುತ್ತನ್ನು ತರುತ್ತದೆ.