ತಮ್ಮನ ತಿಂಗಳ ಹತ್ತು ದಿನ

ಎರಡು ಚಂದ್ರರಿದ್ದ ಯಾಮಳದ್ವೀಪದಲ್ಲಿ ರಾಜವಂಶದ ಒಬ್ಬೊಬ್ಬರ ಹೆಸರಿನಲ್ಲೂ ಒಂದೊಂದು ತಿಂಗಳು. ಅರಸ ಚಂಡಕೇತುವಿನ ತಿಂಗಳಿಗೆ ಇಪ್ಪತ್ತೇ ದಿನ. ಅದಕ್ಕೆ ಮೊದಲು ಬರುವ ತಮ್ಮ ಸುಮನಸನ ತಿಂಗಳಿಗೆ ನಲವತ್ತು. ಅರಸನಿಗೆ ಹೊಟ್ಟೆ ಉರಿಯಿತು. ಪಂಚಾಂಗ ಬರೆಯುವ ಗುಮಾಸ್ತನನ್ನು ಕರೆಸಿದ.

“ಅವನ ಕೊನೆಯ ಹತ್ತು ದಿನ ಕಿತ್ತು ನನ್ನ ತಿಂಗಳಿಗೆ ಸೇರಿಸು. ತಪ್ಪಿದರೆ ನಿನಗೆ ಗಡೀಪಾರು.”

“ಅಪ್ಪಣೆ, ಪ್ರಭು,” ಎಂದು ಗುಮಾಸ್ತ ಲೇಖನಿಯನ್ನು ಮಸಿಯಲ್ಲಿ ಅದ್ದಿದ. “ಆ ಹತ್ತು ದಿನಗಳಲ್ಲೇ ತಮ್ಮ ತಮ್ಮನವರಾದ ಚಿಕ್ಕ ದೊರೆ ಸುಮನಸರು ಹುಟ್ಟಿದ್ದು. ಅರಸರ ತಿಂಗಳಲ್ಲಿ ಹುಟ್ಟಿದವರಿಗೇ ಮುಂದಿನ ಪಟ್ಟವೆಂಬುದು ನಮ್ಮ ಸಂಪ್ರದಾಯ. ಪಟ್ಟಾಭಿಷೇಕದ ಮುಹೂರ್ತವನ್ನೂ ಇದರಲ್ಲೇ ಬರೆದುಬಿಡಲೆ?”

ಅರಸ ತಲೆಯ ಮೇಲಿನ ಕಿರೀಟವನ್ನು ಮೆಲ್ಲನೆ ಮುಟ್ಟಿ ನೋಡಿಕೊಂಡ.

“ಬೇಡ. ನನ್ನ ತಿಂಗಳಿನಿಂದಲೇ ಐದು ದಿನ ಅವನಿಗೆ ಕೊಡು,” ಎಂದ. “ಅವನ ಹುಟ್ಟುಹಬ್ಬ ನನ್ನ ಗಡಿಯಿಂದ ಇನ್ನಷ್ಟು ದೂರವಿರಲಿ.”